ಕಾವು ಕೊಳೆತ ಕೊಡಲಿ

ಚೀನಾ ದೇಶದ ಝೆಜಿಯಾಂಗ್ ಪ್ರಾಂತದಲ್ಲಿ, ಚೂಝೌ ಎಂಬ ನಗರದ ಸಮೀಪದಲ್ಲಿ ಒಂದು ಬೆಟ್ಟವಿದೆ. ಎತ್ತರದಿಂದ ಹೆಸರಾಗುವಂತಹ ಬೆಟ್ಟವಲ್ಲ ಅದು. ಅದರ ಮೇಲ್ಭಾಗದಲ್ಲಿ ಬಂಡೆಯು ತಾನೇ ತಾನಾಗಿ ಸವೆದು ಸೇತುವೆಯಂತೆ ಕಮಾನು ಕಟ್ಟಿದೆ. ಆ ಕಮಾನಿನ ಕೆಳಗೆ ಕಲ್ಲಿನ ಹಜಾರದಂತಹ ವಿಶಾಲವಾದ ನೆರಳು. ಇದನ್ನು ಕಂಡೇ ಹಿಂದಿನವರು ಅದಕ್ಕೆ ‘ಕಲ್ಮನೆಯ ಬೆಟ್ಟ’ ಎಂಬರ್ಥದ ಹೆಸರಿಟ್ಟಿದ್ದರು. ಮುಂದೆ ಆ ಹೆಸರು ಹಿಂದಾಗಿ ‘ಲಾನ್‌ಕೆ’ ಎಂಬುದು ನಿಂತಿತು. ಕನ್ನಡದಲ್ಲಿ ಹೇಳುವುದಾದರೆ ‘ಕಾವು ಕೊಳೆತದ್ದು’, ಕೊಡಲಿಯ ಕಾವು. ಬೆಟ್ಟಕ್ಕೆ ಇಂತಹ ಹೆಸರೇ ಎಂದು ವಾಚಕರು ಆಶ್ಚರ್ಯಪಡಬಹುದು. ಬೆಟ್ಟ ನಿಜ, ಬಂಡೆಯ ಕಮಾನು ನಿಜ. ಅಲ್ಲಿ ಕಾಲ ನಡೆದುಕೊಂಡ ರೀತಿ ಮಾತ್ರ ಮನುಷ್ಯನ ಕಲ್ಪನೆ.

ಕತೆ ಹೀಗಿದೆ. ಜಿನ್ ವಂಶದ ಅರಸರ ಕಾಲದಲ್ಲಿ, ಎಂದರೆ ಕ್ರಿ. ಶ. ೨೬೬ರಿಂದ ೪೨೦ರವರೆಗಿನ ಅವಧಿಯಲ್ಲಿ, ವಾಂಗ್ ಝಿ ಎಂಬ ಮರಕಡಿಯುವವನೊಬ್ಬ ಸೌದೆಗೆಂದು ಆ ಬೆಟ್ಟವನ್ನು ಹತ್ತಿದ. ಕಲ್ಲಿನ ಹಜಾರದಲ್ಲಿ ಕೆಲವು ಹುಡುಗರು ಹಾಡಿಕೊಳ್ಳುತ್ತ, ಮಣೆಯ ಮೇಲೆ ಕರಿಯ ಬಿಳಿಯ ಕಾಯಿಗಳನ್ನಿಟ್ಟು ಆಟವಾಡುತ್ತಿದ್ದರು. ಚೀನೀಯರು ವೇಯ್‌ಚಿ ಎಂದೂ ಜಪಾನೀಯರು ಗೋ ಎಂದೂ ಕರೆಯುವ ಆಟ ಅದು. ಇಂದಿನ ಮಣೆಯಲ್ಲಿ ಅಡ್ಡಕ್ಕೆ ೧೯, ಉದ್ದಕ್ಕೆ ೧೯ ಗೆರೆಗಳಿರುತ್ತವೆ. ಜಗುಲಿಯ ಮೇಲೆ ಚದುರಂಗ ನಡೆಯುತ್ತಿದ್ದರೆ ದಾರಿಹೋಕರು ನಿಲ್ಲುವುದಿಲ್ಲವೆ? ವಾಂಗ್ ಝಿಯೂ ಹಾಗೆಯೇ ನಿಂತ. ಕೊಡಲಿಯನ್ನು ಪಕ್ಕದಲ್ಲಿಟ್ಟ. ಹುಡುಗರಲ್ಲೊಬ್ಬ ಎಲಚಿಹಣ್ಣಿನ ಬೀಜದಂತಹ ಏನನ್ನೋ ಕೊಟ್ಟ. ಅದನ್ನು ಬಾಯಲ್ಲಿಟ್ಟುಕೊಂಡ ಮೇಲೆ ಅವನಿಗೆ ಹಸಿವೆಂಬುದೇ ತೋರಲಿಲ್ಲ. ತುಸು ಹೊತ್ತಾದ ಮೇಲೆ ಆ ಹುಡುಗನೇ, ಇನ್ನೂ ಏಕೆ ಹೊರಡಲಿಲ್ಲವೆಂದು ಕೇಳಿದ. ವಾಂಗ್ ಝಿ ಎದ್ದ. ಕೊಡಲಿಗೆ ಕೈಹಾಕಿದರೆ ಅದರ ಕಾವು ಪೂರ್ತಿಯಾಗಿ ಕೊಳೆತುಹೋಗಿತ್ತು. ಊರಿಗೆ ಇಳಿದು ಬಂದ. ಅವನ ಕಾಲದವರು ಒಬ್ಬರೂ ಉಳಿದಿರಲಿಲ್ಲ.

ಕತೆ ಅಲ್ಲಿಗೆ ಮುಗಿಯುತ್ತದೆ. ರೆನ್ ಫಾಂಗ್ (೪೬೦–೫೦೮) ಎಂಬ ವಿದ್ವಾಂಸನ ಹೆಸರಿನಲ್ಲಿರುವ ಅದ್ಭುತ ವೃತ್ತಾಂತಗಳ ಸಂಗ್ರಹದಲ್ಲಿ ಇದು ಕೆಲವೇ ಸಾಲುಗಳಷ್ಟಿದೆ. ಹೆಚ್ಚುಕಡಿಮೆ ಅದೇ ಕಾಲದಲ್ಲಿ, ೫೨೭ರಲ್ಲಿ ತೀರಿಕೊಂಡ ಲಿ ದಾವ್‌ಯುವಾನ್ ಎಂಬಾತ ಚೀನಾದ ನದಿಗಳನ್ನು ಕುರಿತು ಬರೆದ ಬೃಹದ್ಗ್ರಂಥದಲ್ಲಿಯೂ ಇದೇ ಕತೆಯನ್ನು ಹೇಳಿದ್ದಾನೆ. ಆದರೆ ಅಲ್ಲಿ ಹುಡುಗರು ಕಾಯಿ ನಡೆಸುವುದಿಲ್ಲ, ತಂತಿವಾದ್ಯ ನುಡಿಸಿ ಹಾಡುತ್ತಾರೆ. ಆಟವೋ ಸಂಗೀತವೋ, ಜನ ಆಟವನ್ನೇ ಹಿಡಿದುಕೊಂಡರು. ‘ಕೊಳೆತ ಕಾವು’ ಎಂಬುದು ವೇಯ್‌ಚಿ ಆಟಕ್ಕೇ ಒಂದು ಅಡ್ಡಹೆಸರಾಯಿತು. ೨೦೨೩ರಲ್ಲಿ ಚೂಝೌ ನಗರದಲ್ಲಿ ಈ ಬೆಟ್ಟದ ಹೆಸರಿನಲ್ಲಿಯೇ ಒಂದು ಅಂತರರಾಷ್ಟ್ರೀಯ ಪಂದ್ಯವೂ ನಡೆಯಿತು. ಪಾಪ, ವಾಂಗ್ ಝಿ ಆಡಿದವನೇ ಅಲ್ಲ, ನೋಡುತ್ತ ನಿಂತವನು. ಆಡಿದವರಿಗೆ ಏನೂ ಆಗಲಿಲ್ಲ. ನೋಡಿದವನ ಬದುಕು ಹೋಯಿತು.

ಕನ್ನಡ ಪಾಠ ಹೇಳುವವನಾದ್ದರಿಂದ ಈ ಕತೆಯನ್ನು ಓದಿದಾಗ ನನಗೆ ಮೊದಲು ನೆನಪಾದದ್ದು ನಮ್ಮ ಭಾಷೆಯ ಎರಡು ಮಾತುಗಳು. ‘ಹೊತ್ತು ಹೋದದ್ದೇ ತಿಳಿಯಲಿಲ್ಲ’ ಎಂದು ನಾವು ದಿನಕ್ಕೊಮ್ಮೆಯಾದರೂ ಹೇಳುತ್ತೇವೆ. ಮದುವೆಮನೆಯಲ್ಲಿ ಹರಟೆಗೆ ಕುಳಿತವರೂ, ಅಡಿಗೆಮನೆಯಲ್ಲಿ ಹಾಲು ಉಕ್ಕಿಸಿದವರೂ ಈ ಮಾತನ್ನೇ ಆಡುತ್ತಾರೆ. ವಾಂಗ್ ಝಿಯ ಕತೆಯೆಲ್ಲ ಈ ಮೂರು ಪದಗಳಲ್ಲಿದೆ. ಇನ್ನೊಂದು ಮಾತು ‘ಕಾಲವಾದರು’ ಎಂಬುದು. ಸತ್ತವರನ್ನು ಕನ್ನಡಿಗರು ಹೋದರು, ತೀರಿಕೊಂಡರು ಎನ್ನುವುದುಂಟು. ಆದರೆ ಕಾಲವಾದರು ಎನ್ನುವಾಗ ಬೇರೊಂದು ಅರ್ಥ ಹೊಳೆಯುತ್ತದೆ. ನಿನ್ನೆಯವರೆಗೆ ಕಾಲದಲ್ಲಿ ಇದ್ದವರು ಇಂದು ತಾವೇ ಕಾಲವಾಗಿಬಿಟ್ಟರು. ಬೆಟ್ಟ ಇಳಿದು ಬಂದವನಿಗೆ ಊರಿನಲ್ಲಿ ಸಿಕ್ಕಿದ್ದು ಹೆಂಡತಿಯಲ್ಲ, ಮಕ್ಕಳಲ್ಲ, ಗೆಳೆಯರಲ್ಲ, ಬರಿಯ ಕಾಲ.

‘ಕೊಡಲಿಯ ಕಾವು ಕುಲಕ್ಕೆ ಮೃತ್ಯು’ ಎಂದು ನಮ್ಮ ಗಾದೆ. ಮರದಿಂದಲೇ ಆದ ಕಾವು ಮರವನ್ನೇ ಕಡಿಯಲು ಒದಗುತ್ತದೆಂಬ ವ್ಯಂಗ್ಯ ಅದರಲ್ಲಿದೆ. ಚೀನಾದ ಕಾವು ಯಾರನ್ನೂ ಕೊಲ್ಲಲಿಲ್ಲ. ಕುಲವೇ ಅಳಿದುಹೋದ ಸುದ್ದಿಯನ್ನು ಮಾತ್ರ ತಿಳಿಸಿತು. ಗಮನಿಸಬೇಕಾದ ಅಂಶವೆಂದರೆ, ಆ ಸುದ್ದಿ ವಾಂಗ್ ಝಿಯ ಮೈಯಲ್ಲಿ ಎಲ್ಲಿಯೂ ಬರೆದಿರಲಿಲ್ಲ. ಅವನಿಗೆ ಹಸಿವಾಗಲಿಲ್ಲ, ನಿದ್ದೆ ಬರಲಿಲ್ಲ, ಕಾಲು ನೋಯಲಿಲ್ಲ. ತಾನು ಕೆಳಗಿಟ್ಟ ವಸ್ತುವನ್ನು ಮತ್ತೆ ಎತ್ತಿಕೊಳ್ಳಹೋದಾಗಲೇ ಅವನಿಗೆ ತಿಳಿದದ್ದು. ಕಾಲ ಸರಿದದ್ದನ್ನು ನಮ್ಮೊಳಗೆ ನಾವು ಕಾಣಲಾರೆವು. ನಾವು ಬಿಟ್ಟುಬಂದದ್ದರಲ್ಲಿ ಅದನ್ನು ಕಾಣುತ್ತೇವೆ.

ಚೀನೀಯರಲ್ಲಿಯೇ ಇದಕ್ಕೆ ತಿರುವುಮುರುವಾದ ಇನ್ನೊಂದು ಕತೆಯಿದೆ. ೪೨೭ರಲ್ಲಿ ತೀರಿಕೊಂಡ ಟಾವೊ ಯುವಾನ್‌ಮಿಂಗ್ ಎಂಬ ಕವಿ ಬರೆದದ್ದು. ಬೆಸ್ತನೊಬ್ಬ ಹೊಳೆಯ ದಂಡೆಯಲ್ಲಿ ಹೂಬಿಟ್ಟ ಪೀಚ್ ಮರಗಳ ಸಾಲನ್ನು ಹಿಡಿದು ಹೋಗುತ್ತ ಹೋಗುತ್ತ ಬೆಟ್ಟದ ಬಿರುಕೊಂದನ್ನು ನುಸುಳಿ ಒಳಗಿನ ಕಣಿವೆಯನ್ನು ಸೇರುತ್ತಾನೆ. ಅಲ್ಲಿ ಹೊಲ, ಮನೆ, ಕೋಳಿ, ನಾಯಿ, ನೆಮ್ಮದಿಯ ಜನ. ಅವರ ಹಿರಿಯರು ಛಿನ್ ವಂಶದವರ ಕಾಲದ ದಂಗೆಗಳಿಗೆ ಹೆದರಿ ಬಂದು ನೆಲಸಿದವರು. ಆಮೇಲೆ ಹೊರಗೆ ಐನೂರು ವರ್ಷಗಳಿಗೂ ಮೇಲ್ಪಟ್ಟು ಕಳೆದು, ರಾಜವಂಶಗಳು ಒಂದರಮೇಲೊಂದು ಅಳಿದು ಹುಟ್ಟಿದ್ದು ಅವರಿಗೆ ಗೊತ್ತೇ ಇಲ್ಲ. ಬೆಸ್ತ ಊರಿಗೆ ಮರಳುವಾಗ ದಾರಿಯುದ್ದಕ್ಕೂ ಗುರುತು ಮಾಡಿಕೊಂಡು ಬಂದ. ಆದರೂ ಮತ್ತೆ ಆ ಕಣಿವೆ ಯಾರಿಗೂ ಸಿಕ್ಕಲಿಲ್ಲ. ಒಂದು ಕತೆಯಲ್ಲಿ ಹಿಂದಿರುಗಿದವನಿಗೆ ಊರು ಸಿಕ್ಕಲಿಲ್ಲ. ಇನ್ನೊಂದರಲ್ಲಿ ಊರು ಸಿಕ್ಕಿತು, ಬೆಟ್ಟ ಸಿಕ್ಕಲಿಲ್ಲ. ಎರಡನ್ನೂ ಇಟ್ಟುಕೊಂಡವರು ಯಾರೂ ಇಲ್ಲ.

ಇಂತಹ ಕತೆಯನ್ನು ಹುಡುಕಿಕೊಂಡು ನಾವು ಚೀನಾದವರೆಗೆ ಹೋಗಬೇಕಾಗಿಯೂ ಇಲ್ಲ. ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ರೇವತರಾಜನ ಮಗ ಕಕುದ್ಮಿಯ ಕತೆ ಬರುತ್ತದೆ. ಕುಶಸ್ಥಲಿಯ ಅರಸನಾದ ಇವನಿಗೆ ರೇವತಿ ಎಂಬ ಮಗಳಿದ್ದಳು. ಇವಳಿಗೆ ತಕ್ಕ ವರ ಯಾರೆಂದು ನಿಶ್ಚಯಿಸಲಾರದೆ, ಮಗಳನ್ನು ಕರೆದುಕೊಂಡು ನೇರವಾಗಿ ಬ್ರಹ್ಮಲೋಕಕ್ಕೇ ಹೋದ. ಅಲ್ಲಿ ಗಂಧರ್ವರ ಗಾಯನ ನಡೆಯುತ್ತಿತ್ತು. ಕಚೇರಿಯ ನಡುವೆ ಮಾತೆತ್ತುವುದು ಸಭ್ಯತೆಯಲ್ಲವೆಂದು ತಂದೆ ಮಗಳು ಕ್ಷಣಕಾಲ ಕಾದರು. ಹಾಡು ಮುಗಿದ ಮೇಲೆ ಕಕುದ್ಮಿ ತನ್ನ ಮನಸ್ಸಿನಲ್ಲಿದ್ದ ವರಗಳ ವಿಚಾರವನ್ನು ಅರಿಕೆಮಾಡಿಕೊಂಡ. ಬ್ರಹ್ಮ ನಕ್ಕ. ಆ ವರಗಳು ಮಾತ್ರವಲ್ಲ, ಅವರ ಮಕ್ಕಳು ಮೊಮ್ಮಕ್ಕಳು ಮರಿಮಕ್ಕಳ ಹೆಸರೂ ಈಗ ಕೇಳಿಬರುತ್ತಿಲ್ಲ. ನೀನು ಕಾದಿದ್ದಾಗ ಭೂಮಿಯಲ್ಲಿ ಇಪ್ಪತ್ತೇಳು ಚತುರ್ಯುಗಗಳು ಕಳೆದುಹೋದವು ಎಂದು ತಿಳಿಸಿದ.

ಈ ಲೆಕ್ಕವನ್ನು ನಾನೊಮ್ಮೆ ಕಾಗದದ ಮೇಲೆ ಹಾಕಿ ನೋಡಿದೆ. ಒಂದು ಚತುರ್ಯುಗವೆಂದರೆ ೪೩,೨೦,೦೦೦ ವರ್ಷ. ಇಪ್ಪತ್ತೇಳಕ್ಕೆ ೧೧,೬೬,೪೦,೦೦೦ ವರ್ಷಗಳಾದವು. ಬ್ರಹ್ಮನ ಒಂದು ಹಗಲಿಗೆ ಸಾವಿರ ಚತುರ್ಯುಗಗಳು. ಆ ಹಗಲನ್ನು ನಮ್ಮ ಹಗಲಿನಂತೆ ಹನ್ನೆರಡು ಗಂಟೆಯೆಂದು ಭಾವಿಸಿದರೆ, ಇಪ್ಪತ್ತೇಳು ಚತುರ್ಯುಗಗಳಿಗೆ ಹತ್ತೊಂಬತ್ತೂವರೆ ನಿಮಿಷವಾಗುತ್ತದೆ. ಒಳ್ಳೆಯ ವಿದ್ವಾಂಸರು ಒಂದು ರಾಗವನ್ನು ಆಲಾಪಿಸಿ ಕೃತಿಗೆ ಇಳಿಯುವಷ್ಟು ಹೊತ್ತು! ಪುರಾಣಕಾರರು ಬಾಯಿಗೆ ಬಂದ ಸಂಖ್ಯೆಯನ್ನು ಹೇಳಲಿಲ್ಲ. ಕಚೇರಿಗೆ ಹೋಗಿ ಬಂದವರ ಹಾಗೆಯೇ ಹೇಳಿದ್ದಾರೆ. ಗಂಡು ಹುಡುಕುವುದರಲ್ಲಿ ‘ಇನ್ನೂ ಒಳ್ಳೆಯ ಸಂಬಂಧ ಬರಬಹುದು’ ಎಂದು ಕಾಯುವ ತಂದೆತಾಯಿಗಳು ಈ ಕತೆಯನ್ನು ಒಮ್ಮೆ ಓದುವುದು ಹಿತ.

ಕಾಲವು ವಿಚಿತ್ರವಾಗಿ ನಡೆಯುವ ಸ್ಥಳವನ್ನು ಜನರು ಹೆಚ್ಚಾಗಿ ಎತ್ತರದಲ್ಲಿಯೇ ಇಟ್ಟರು. ಅಮೆರಿಕದ ವಾಷಿಂಗ್ಟನ್ ಇರ್ವಿಂಗ್ ೧೮೧೯ರಲ್ಲಿ ಪ್ರಕಟಿಸಿದ ಕತೆಯಲ್ಲಿಯೂ ರಿಪ್ ವ್ಯಾನ್ ವಿಂಕಲ್ ಎಂಬಾತ ಕ್ಯಾಟ್‌ಸ್ಕಿಲ್ ಬೆಟ್ಟಗಳಲ್ಲಿ ಮಲಗಿ ಇಪ್ಪತ್ತು ವರ್ಷಗಳ ಮೇಲೆ ಎದ್ದ. ಬೆಟ್ಟದ ಮೇಲೆ ಕಾಲ ನಿಧಾನ, ಕೆಳಗೆ ವೇಗ ಎಂಬುದು ಈ ಕತೆಗಳ ಒಮ್ಮತ.

ಇದರಲ್ಲಿ ಅರ್ಧದಷ್ಟು ನಿಜವಿದೆ ಎಂದರೆ ವಾಚಕರು ನಂಬಬೇಕು. ಎತ್ತರಕ್ಕೆ ತಕ್ಕಂತೆ ಕಾಲದ ನಡೆ ಬೇರೆಯಾಗಬೇಕೆಂಬುದನ್ನು ಐನ್‌ಸ್ಟೈನ್ ೧೯೦೭ರಷ್ಟು ಹಿಂದೆಯೇ ಊಹಿಸಿ, ೧೯೧೫ರ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತದಲ್ಲಿ ಅದಕ್ಕೆ ಪೂರ್ಣರೂಪ ಕೊಟ್ಟರು. ೧೯೬೦ರಲ್ಲಿ ಪೌಂಡ್ ಮತ್ತು ರೆಬ್ಕಾ ಎಂಬ ವಿಜ್ಞಾನಿಗಳು ಹಾರ್ವರ್ಡ್ ವಿಶ್ವವಿದ್ಯಾಲಯದ ಗೋಪುರವೊಂದರಲ್ಲಿ ಕೇವಲ ೨೨.೫ ಮೀಟರ್ ಎತ್ತರದ ಅಂತರದಲ್ಲಿ ಇದರ ಪರಿಣಾಮವನ್ನು ಅಳೆದು ತೋರಿಸಿದರು. ೨೦೧೦ರಲ್ಲಿ ಅಮೆರಿಕದ ಪ್ರಯೋಗಶಾಲೆಯಲ್ಲಿ ಒಂದು ಗಡಿಯಾರವನ್ನು ಇನ್ನೊಂದಕ್ಕಿಂತ ೩೩ ಸೆಂಟಿಮೀಟರ್ ಮೇಲಕ್ಕೆತ್ತಿ, ಎಂದರೆ ಮೆಟ್ಟಿಲೊಂದೆರಡರಷ್ಟು ಏರಿಸಿ, ವ್ಯತ್ಯಾಸವನ್ನು ಕಂಡರು. ೨೦೨೨ರಲ್ಲಿ ಒಂದೇ ಮಿಲಿಮೀಟರಿನ ಅಂತರದಲ್ಲಿಯೂ ಅದು ಸಿಕ್ಕಿತು. ದಾರಿ ತೋರಿಸಲು ನಾವು ಮೊಬೈಲಿನಲ್ಲಿ ಬಳಸುವ ಜಿ.ಪಿ.ಎಸ್. ಉಪಗ್ರಹಗಳು ಸುಮಾರು ೨೦,೨೦೦ ಕಿಲೋಮೀಟರ್ ಎತ್ತರದಲ್ಲಿ ಸುತ್ತುತ್ತವೆ. ಅವುಗಳ ಗಡಿಯಾರಗಳು ನೆಲದವಕ್ಕಿಂತ ದಿನಕ್ಕೆ ಸುಮಾರು ೩೮ ಮೈಕ್ರೊಸೆಕೆಂಡಿನಷ್ಟು ಮುಂದೆ ಓಡುವುದರಿಂದ, ಮೊದಲೇ ತಿದ್ದಿ ಕಳಿಸುತ್ತಾರೆ. ಹಾಗೆ ಮಾಡದಿದ್ದರೆ ಒಂದೇ ದಿನದಲ್ಲಿ ದಾರಿಯ ಲೆಕ್ಕ ಕಿಲೋಮೀಟರುಗಟ್ಟಲೆ ತಪ್ಪುತ್ತದೆ. ಮೈಕ್ರೊಸೆಕೆಂಡ್ ಎಂದರೆ ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲು.

ಮುಂದೆ ಓಡುವುದರಿಂದ ಎಂದೆನಲ್ಲವೆ? ಕತೆಗಾರರು ಎಡವಿದ್ದು ಇಲ್ಲಿಯೇ. ಎತ್ತರದಲ್ಲಿ ಕಾಲ ನಿಧಾನವಲ್ಲ, ವೇಗ. ಭೂಮಿಗೆ ಹತ್ತಿರವಾದಷ್ಟೂ ಗಡಿಯಾರ ಸಾವಕಾಶವಾಗಿ ನಡೆಯುತ್ತದೆ. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು ೯೦೦ ಮೀಟರ್ ಮೇಲಿದೆ. ಮಂಗಳೂರಿನ ಕಡಲದಂಡೆಗೆ ಮಗಳನ್ನು ಕೊಟ್ಟ ಬೆಂಗಳೂರಿನ ತಾಯಿ, ಮಗಳಿಗಿಂತ ವರ್ಷಕ್ಕೆ ಮೂರು ಮೈಕ್ರೊಸೆಕೆಂಡಿನಷ್ಟು ಹೆಚ್ಚಾಗಿ ಮುಪ್ಪಾಗುತ್ತಾಳೆ. ನಮ್ಮ ನಾಡಿನ ಅತ್ಯುನ್ನತ ಶಿಖರವಾದ, ಸುಮಾರು ೧,೯೩೦ ಮೀಟರ್ ಎತ್ತರದ ಮುಳ್ಳಯ್ಯನಗಿರಿಯ ಮೇಲೆ ಒಬ್ಬನು ನೂರು ವರ್ಷ ತಪಸ್ಸು ಮಾಡಿದರೂ, ಕಡಲದಂಡೆಯಲ್ಲಿರುವವನಿಗಿಂತ ಅವನು ಸೆಕೆಂಡಿನ ಸಾವಿರದಲ್ಲೊಂದು ಭಾಗದಷ್ಟೂ ಮುಂದೆ ಹೋಗುವುದಿಲ್ಲ. ಎವೆಯಿಕ್ಕುವ ಹೊತ್ತಿನ ನೂರರಲ್ಲೊಂದು ಪಾಲೂ ಅಲ್ಲ. ಲೆಕ್ಕದ ಪ್ರಕಾರ, ಬೆಟ್ಟದಿಂದ ಇಳಿದ ವಾಂಗ್ ಝಿ ತನ್ನ ಊರಿನವರಿಗಿಂತ ಕೂದಲೆಳೆಯಷ್ಟು ಹೆಚ್ಚು ಮುದುಕನಾಗಿರಬೇಕಿತ್ತು.

ಹಾಗಾದರೆ ಕತೆ ಸುಳ್ಳೆ? ವಿಜ್ಞಾನ ಇಲ್ಲಿ ಇನ್ನೊಂದು ಮಾತನ್ನು ಹೇಳುತ್ತದೆ. ಅದು ಕತೆಯ ಪರವಾಗಿದೆ. ಕಾಲದ ವ್ಯತ್ಯಾಸ ಗೊತ್ತಾಗಬೇಕಾದರೆ ಎರಡು ಗಡಿಯಾರಗಳು ಬೇಕು. ಬೆಟ್ಟದ ಮೇಲಿರುವವನಿಗೆ ತನ್ನ ಒಂದು ಗಂಟೆ ಒಂದು ಗಂಟೆಯೇ. ಕೆಳಗಿರುವವನಿಗೂ ತನ್ನದು ಒಂದು ಗಂಟೆಯೇ. ಯಾವ ಗಡಿಯಾರವೂ ಕೆಟ್ಟಿಲ್ಲ. ಎರಡನ್ನೂ ಒಂದೆಡೆ ತಂದು ಹೋಲಿಸಿದಾಗಲೇ ಅಂತರ ಕಾಣುತ್ತದೆ. ಎಂದರೆ ಕಾಲದ ವೈಚಿತ್ರ್ಯವಿರುವುದು ಬೆಟ್ಟದಲ್ಲಲ್ಲ, ಅಗಲಿದವರು ಮತ್ತೆ ಸೇರುವ ಬಾಗಿಲಿನಲ್ಲಿ.

ನನಗೆ ಪರಿಚಿತವಾದ ಒಂದು ಮನೆಯ ನಡುಮನೆಯಲ್ಲಿ ಎರಡು ಗಡಿಯಾರಗಳಿವೆ. ಒಂದು ನಮ್ಮ ದೇಶದ ಹೊತ್ತಿಗೆ, ಇನ್ನೊಂದು ಕ್ಯಾಲಿಫೋರ್ನಿಯದ ಹೊತ್ತಿಗೆ. ಮಗ ಅಲ್ಲಿದ್ದಾನೆ. ಚಳಿಗಾಲದಲ್ಲಿ ಹದಿಮೂರೂವರೆ ಗಂಟೆಯ ಅಂತರ, ಬೇಸಿಗೆಯಲ್ಲಿ ಹನ್ನೆರಡೂವರೆ. ವರ್ಷಕ್ಕೆ ಎರಡು ಸಲ ಆ ಮನೆಯ ಯಜಮಾನಿತಿ ಗಡಿಯಾರವನ್ನು ಕೆಳಗಿಳಿಸಿಕೊಂಡು ಮುಳ್ಳನ್ನು ತಿರುಗಿಸುತ್ತಾರೆ. ‘ಈಗ ಅವನು ಏಳುವ ಹೊತ್ತು’, ‘ಈಗ ಮಲಗಿರಬೇಕು’ ಎಂದು ಅವರು ಹೇಳುವುದು ಅರ್ಧ ನಿಮಿಷವೂ ತಪ್ಪುವುದಿಲ್ಲ. ಮೊಬೈಲಿನಲ್ಲಿ ದಿನವೂ ಮುಖ ನೋಡಿ ಮಾತನಾಡುವುದೂ ಉಂಟು. ಆದರೆ ಮೊಬೈಲ್ ಮುಖವನ್ನು ತೋರಿಸುತ್ತದೆ, ಮಂಡಿಯನ್ನು ತೋರಿಸುವುದಿಲ್ಲ.

ಮೂರು ವರ್ಷಗಳ ಮೇಲೆ ಮಗ ಬಂದ. ಮೊದಲಿನಂತೆ ಸ್ಕೂಟರನ್ನು ಹೊರತೆಗೆದು, ‘ಬಾಮ್ಮ, ಮಾರ್ಕೆಟ್ಟಿಗೆ ಹೋಗಿ ಬರೋಣ’ ಎಂದ. ತಾಯಿ ಬಂದು ಸ್ಕೂಟರಿನ ಪಕ್ಕದಲ್ಲಿ ನಿಂತರು, ಕಾಲೆತ್ತಲಾಗಲಿಲ್ಲ. ಅವನು ಸ್ಕೂಟರನ್ನು ಒಳಗಿಟ್ಟು ಆಟೋ ಕರೆದ. ಅಂದು ಸಂಜೆ ತಾಯಿ, ಅವನಿಗೆ ಬಹಳ ಪ್ರಿಯವಾದುದೆಂದು ತಟ್ಟೆಯ ತುಂಬ ಕೊಬ್ಬರಿ ಮಿಠಾಯಿ ಮಾಡಿ ಮುಂದಿಟ್ಟರು.

‘ಅಮ್ಮ, ನನಗೆ ಸಕ್ಕರೆ ಕಾಯಿಲೆ ಬಂದು ಎರಡು ವರ್ಷವಾಯಿತು. ಹೇಳಿದರೆ ನಿಮಗೆ ಯೋಚನೆಯಾಗುತ್ತದೆ ಅಂತ ಹೇಳಲಿಲ್ಲ.’

‘ನಿನಗೆಂಥ ಸಕ್ಕರೆ ಕಾಯಿಲೆಯೋ? ನೀನಿನ್ನೂ ಹುಡುಗ’ ಎಂದರು ತಾಯಿ. ಹುಡುಗನಿಗೆ ನಲವತ್ತೆರಡು ವರ್ಷ.

ಇವರಲ್ಲಿ ಬೆಟ್ಟದ ಮೇಲಿದ್ದವರು ಯಾರು, ಊರಿನಲ್ಲಿದ್ದವರು ಯಾರು? ತಾನು ಲೋಕ ಸುತ್ತುತ್ತಿದ್ದಾಗ ಮನೆ ಹಾಗೆಯೇ ನಿಂತಿರುತ್ತದೆಂದು ಮಗನ ಎಣಿಕೆ. ಮಗ ಹೊರಟ ದಿನ ಹೇಗಿದ್ದನೋ ಹಾಗೆಯೇ ಇರುತ್ತಾನೆಂದು ತಾಯಿಯ ಎಣಿಕೆ. ಪ್ರತಿಯೊಬ್ಬರೂ ಇನ್ನೊಬ್ಬರನ್ನು ಕಾಲ ತಾಗದ ಆ ಕಲ್ಲಿನ ಹಜಾರದಲ್ಲಿ ಕೂರಿಸಿದ್ದರು. ಸ್ಕೂಟರೂ ಮಿಠಾಯಿಯ ತಟ್ಟೆಯೂ ಕೊಳೆತ ಕಾವಿನ ಕೆಲಸವನ್ನು ಮಾಡಿದವು. ಇದರಲ್ಲಿ ತಪ್ಪು ಮಾಡಿದವರು ಯಾರೂ ಇಲ್ಲ. ಗಡಿಯಾರಗಳೆರಡೂ ಸರಿಯಾಗಿಯೇ ನಡೆಯುತ್ತಿದ್ದವು. ಪ್ರೀತಿಯಿಂದ ಒಬ್ಬರು ಮಂಡಿನೋವನ್ನು ಮುಚ್ಚಿಟ್ಟರು, ಇನ್ನೊಬ್ಬರು ಕಾಯಿಲೆಯನ್ನು ಮುಚ್ಚಿಟ್ಟರು. ಹಸಿವು ತೋರದಂತೆ ಮಾಡುವ ಆ ಎಲಚಿಬೀಜ ಇದೇ ಇರಬಹುದು.

ದೇಶಾಂತರ ಹೋದವರ ಪಾಡು ಮಾತ್ರ ಇದೆಂದು ತಿಳಿಯಬೇಕಾಗಿಲ್ಲ. ಒಂದೇ ಸೂರಿನ ಕೆಳಗೆ ಕೂಡ ಹೀಗಾಗುತ್ತದೆ. ಬೆಳಗ್ಗೆ ಎಂಟಕ್ಕೆ ಹೊರಟು ರಾತ್ರಿ ಒಂಬತ್ತಕ್ಕೆ ಬರುವ ತಂದೆಗೆ ಮಗಳ ಲಂಗ ಗಿಡ್ಡವಾದದ್ದು ತಿಳಿಯುವುದು ಹಬ್ಬದ ದಿನ. ಮನೆಯಲ್ಲಿದ್ದೂ ಪರದೆಯ ಮೇಲೆ ಇನ್ನಾರೋ ಆಡುವ ಆಟವನ್ನು ನೋಡುತ್ತ ಕುಳಿತವರಿಗೆ, ಪಕ್ಕದಲ್ಲಿಟ್ಟ ಕೊಡಲಿ ಯಾವಾಗ ಕೊಳೆಯಿತೆಂದು ಹೇಗೆ ಗೊತ್ತಾಗಬೇಕು? ಹೊರಡಲಿಲ್ಲವೇಕೆ ಎಂದು ಕೇಳುವ ಒಬ್ಬ ಹುಡುಗನಾದರೂ ವಾಂಗ್ ಝಿಗೆ ಇದ್ದ.

ಈಗ ಕತೆಗಳ ಮುಕ್ತಾಯವನ್ನು ಮತ್ತೊಮ್ಮೆ ನೋಡೋಣ. ವಾಂಗ್ ಝಿ ಗುರುತಿನವರಿಲ್ಲದ ಊರಿನಲ್ಲಿ ಒಬ್ಬನೇ ನಿಂತ. ಬೆಸ್ತನಿಗೆ ದಾರಿ ತಪ್ಪಿತು. ಸಮುದ್ರದಾಚೆಯ ದಿವ್ಯಲೋಕದಿಂದ ಮರಳಿದ ಜಪಾನಿನ ಉರಾಷಿಮ ಎಂಬ ಬೆಸ್ತನು, ತೆರೆಯಬೇಡವೆಂದು ಕೊಟ್ಟಿದ್ದ ಪೆಟ್ಟಿಗೆಯನ್ನು ದುಃಖ ತಾಳಲಾರದೆ ತೆರೆದು ಆ ಕ್ಷಣವೇ ಮುದುಕನಾದ. ಕಕುದ್ಮಿ ಕಳೆದುಕೊಂಡದ್ದು ಇವರೆಲ್ಲರಿಗಿಂತ ಹೆಚ್ಚು. ಇತರರಿಗೆ ಹೋದದ್ದು ವರ್ಷಗಳು, ಇವನಿಗೆ ಹೋದದ್ದು ಯುಗಗಳು. ಅವನ ನಗರವನ್ನು ಅವನ ತಮ್ಮಂದಿರೇ ಬಿಟ್ಟು ಚದುರಿಹೋಗಿದ್ದರು. ಆದರೂ ಕತೆಯಲ್ಲಿ ಅವನು ಗೋಳಾಡುವುದಿಲ್ಲ. ಬ್ರಹ್ಮನು ಸೂಚಿಸಿದಂತೆ ಮಗಳನ್ನು ಬಲರಾಮನಿಗೆ ಕೊಟ್ಟು ಮದುವೆ ಮಾಡಿ, ತಾನು ಬದರಿಗೆ ತಪಸ್ಸಿಗೆ ನಡೆದ. ರೇವತಿ ಹಿಂದಿನ ಯುಗದವಳಾದ್ದರಿಂದ ಬಹಳ ಎತ್ತರವಾಗಿದ್ದಳೆಂದೂ, ಬಲರಾಮನು ನೇಗಿಲ ತುದಿಯಿಂದ ಅವಳನ್ನು ತಗ್ಗಿಸಿ ತನ್ನ ಕಾಲದವರ ಅಳತೆಗೆ ತಂದನೆಂದೂ ವಿಷ್ಣುಪುರಾಣ ಹೇಳುತ್ತದೆ. ಕಾಲದ ಅಂತರವನ್ನು ಹೀಗೆ ನಗುತ್ತ ಸರಿಪಡಿಸಿದ ದಂಪತಿಗಳು ಇನ್ನಾವ ಕತೆಯಲ್ಲಿಯೂ ಇಲ್ಲ.

ಕಕುದ್ಮಿಗೆ ಈ ಸಮಾಧಾನ ಎಲ್ಲಿಂದ ಬಂತು? ಅವನು ಬೆಟ್ಟಕ್ಕೆ ಒಬ್ಬನೇ ಹೋಗಲಿಲ್ಲ. ಮಗಳನ್ನು ಕರೆದುಕೊಂಡು ಹೋದ. ಆ ಹತ್ತೊಂಬತ್ತೂವರೆ ನಿಮಿಷ ಇಬ್ಬರೂ ಒಂದೇ ಹಾಡನ್ನು ಕೇಳಿದರು. ಊರೆಲ್ಲ ಕಾಲವಾದ ಮೇಲೂ ಅವರಿಬ್ಬರ ಗಡಿಯಾರಗಳಿಗೆ ಕೂದಲೆಳೆಯ ಅಂತರವೂ ಇರಲಿಲ್ಲ.

೨೦೦೫ರಲ್ಲಿ ಅಮೆರಿಕದ ಹವ್ಯಾಸಿ ವಿಜ್ಞಾನಿಯೊಬ್ಬರು ಮೂರು ಪರಮಾಣು ಗಡಿಯಾರಗಳನ್ನೂ ತಮ್ಮ ಮಕ್ಕಳನ್ನೂ ಮೋಟಾರಿನಲ್ಲಿ ಕೂರಿಸಿಕೊಂಡು ರೈನಿಯರ್ ಪರ್ವತಕ್ಕೆ ಹೋದರು. ಸುಮಾರು ಎರಡು ದಿನ ಅಲ್ಲಿದ್ದು ಹಿಂದಿರುಗಿ, ಮನೆಯಲ್ಲಿ ಬಿಟ್ಟುಹೋಗಿದ್ದ ಗಡಿಯಾರಗಳೊಡನೆ ಹೋಲಿಸಿದರು. ಪರ್ವತಕ್ಕೆ ಹೋದವು ಸುಮಾರು ೨೨ ನ್ಯಾನೊಸೆಕೆಂಡ್ ಮುಂದಿದ್ದವು; ಸೆಕೆಂಡನ್ನು ನೂರು ಕೋಟಿ ಪಾಲು ಮಾಡಿ ಅದರಲ್ಲಿ ಇಪ್ಪತ್ತೆರಡು. ಮಕ್ಕಳೊಡನೆ ಕಳೆಯಲು ಅಷ್ಟು ಹೊತ್ತು ತಮಗೆ ಹೆಚ್ಚಾಗಿ ಸಿಕ್ಕಿತೆಂದು ಆ ತಂದೆ ಸಂತೋಷಪಟ್ಟರು. ಲೆಕ್ಕಕ್ಕೆ ಏನೂ ಅಲ್ಲದ ಹೊತ್ತು ಅದು. ಆದರೆ ಅವರು ಆ ಮಕ್ಕಳನ್ನು ಮನೆಯಲ್ಲಿ ಬಿಟ್ಟು, ಗಡಿಯಾರಗಳನ್ನು ಮಾತ್ರ ಒಯ್ದಿದ್ದರೆ ಏನಾಗುತ್ತಿತ್ತೆಂಬುದನ್ನು ಯೋಚಿಸಿ.

ಈ ಪುಟದಾಚೆ ಧಾರಾವಾಹಿಯ ಮುಂದಿನ ಕಂತು ನಿಮಗಾಗಿ ಕಾದಿದೆ. ಅಲ್ಲಿಗೆ ಹೋದ ಮೇಲೆ ಹೊತ್ತು ಹೋದದ್ದು ತಿಳಿಯುವುದಿಲ್ಲ. ಒಳಗೆ ಯಾರಾದರೂ ಇದ್ದರೆ ಕೂಗಿ ಕರೆಯಿರಿ. ಒಬ್ಬರು ಗಟ್ಟಿಯಾಗಿ ಓದಿದರೆ ಇನ್ನೊಬ್ಬರಿಗೂ ಕೇಳುತ್ತದೆ.